ಬೇರೆಯವರ ದನಿಯಲ್ಲಿ ಗೆದ್ದ ಹುಡುಗ

ಹೈಸ್ಕೂಲಿನಲ್ಲಿದ್ದಾಗ ಶಿಕಾರಿಪುರದ ನಮ್ಮ ಕೇರಿಯಲ್ಲಿ ನನಗೊಂದು ಹೆಸರಿತ್ತು, ಜೂನಿಯರ್ ಎಸ್‌ಪಿಬಿ. ಗಣಪತಿ ಪೆಂಡಾಲಿರಲಿ, ಜಾತ್ರೆಯ ಆರ್ಕೆಸ್ಟ್ರಾ ಇರಲಿ, ಮೈಕ್ ಕಟ್ಟಿದ ಕಡೆಯೆಲ್ಲ ನನ್ನನ್ನು ಕರೆಯುತ್ತಿದ್ದರು. ಅವರು ಎಲ್ಲಿ ಉಸಿರೆಳೆಯುತ್ತಾರೆ, ಯಾವ ಪದದಲ್ಲಿ ಸಣ್ಣಗೆ ನಗುತ್ತಾರೆ ಎಂಬುದನ್ನೂ ಬಿಡದೆ ಕಾಪಿ ಹೊಡೆಯುತ್ತಿದ್ದೆ. ಹತ್ತನೇ ಕ್ಲಾಸಿಗೆ ಬರುವಷ್ಟರಲ್ಲಿ ದನಿ ಒಡೆಯಿತು. ಶಿರಾಳಕೊಪ್ಪದ ಹತ್ತಿರದ ಒಂದು ಊರಿನಲ್ಲಿ ಪಲ್ಲವಿ ಮುಗಿಯುವ ಮೊದಲೇ ಗಂಟಲು ಕೈಕೊಟ್ಟಿತು. ಮುಂದೆ ಕೂತಿದ್ದ ಹುಡುಗರು ಶಿಳ್ಳೆ ಹೊಡೆದರು. ಅವತ್ತಿನಿಂದ ನಾನು ಮೈಕ್ ಮುಟ್ಟಿಲ್ಲ.

ಈಗ ಬಿ.ಕಾಂ. ಮುಗಿದಿದೆ. ವಾರವೆಲ್ಲ ಲೈಬ್ರರಿಯಲ್ಲಿ ಕೂತು ಎಫ್‌ಡಿಎ ಪರೀಕ್ಷೆಗೆ ಓದುವುದು, ಭಾನುವಾರ ಬಸ್ ಹತ್ತಿ ಸೊರಬದಲ್ಲಿರುವ ಸೋದರಮಾವನ ಟೈಲರ್ ಅಂಗಡಿಗೆ ಹೋಗಿ ಲೆಕ್ಕ ಬರೆದುಕೊಡುವುದು. ಮಾವನ ಅಂಗಡಿಯಲ್ಲಿ ಇವತ್ತಿಗೂ ಟೇಪ್‌ರೆಕಾರ್ಡರ್ ಇದೆ. ಒಂದು ಭಾನುವಾರ ಅದರಲ್ಲಿ ಯಾರೋ ಕಬೀರನ ಭಜನೆ ಹಾಡುತ್ತಿದ್ದರು. ತುಂಡು ತುಂಡಾಗಿ ಹಾಡಿ, ಸಟ್ಟನೆ ನಿಲ್ಲಿಸಿ, ಎಲ್ಲಿಂದಲೋ ಮತ್ತೆ ಎತ್ತಿಕೊಳ್ಳುತ್ತಿದ್ದರು. ರೀಲು ಸಿಕ್ಕಿಕೊಂಡಿದೆ ಎಂದುಕೊಂಡು ನಾನು ಸ್ಟಾಪ್ ಒತ್ತಿದೆ. ಮಾವ ಕತ್ತರಿ ಕೆಳಗಿಟ್ಟು ನಕ್ಕರು. ಕೆಟ್ಟಿರುವುದು ರೀಲಲ್ಲ, ಹಾಡುತ್ತಿರುವವರಿಗೆ ನೆಟ್ಟಗಿದ್ದದ್ದು ಒಂದೇ ಶ್ವಾಸಕೋಶ ಎಂದರು. ಅವರು ಕುಮಾರ ಗಂಧರ್ವ, ನಮ್ಮ ಬೆಳಗಾವಿ ಕಡೆಯವರು ಎಂದೂ ಹೇಳಿದರು.

ಹೆಸರು ಕೇಳಿದ್ದೆ, ಅಷ್ಟೆ. ಮರಾಠಿಯವರೋ ಹಿಂದಿಯವರೋ ಇರಬೇಕು ಎಂದುಕೊಂಡಿದ್ದೆ. ಆಮೇಲೆ ಲೈಬ್ರರಿಯಲ್ಲಿ ಪರೀಕ್ಷೆಯ ಪುಸ್ತಕ ಬದಿಗಿಟ್ಟು ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ. ಓದಿದಷ್ಟೂ ಅವರ ಬಾಲ್ಯ ನನ್ನ ಶಿಳ್ಳೆಯ ಕಥೆಯನ್ನೇ ನೆನಪಿಸುತ್ತಿತ್ತು. ಹೋಲಿಕೆ ಬಾಲ್ಯಕ್ಕಷ್ಟೇ, ಪ್ರತಿಭೆಗಲ್ಲ ಎಂದು ಮೊದಲೇ ಹೇಳಿಬಿಡುತ್ತೇನೆ.

ಹುಟ್ಟಿದ್ದು 1924ರ ಏಪ್ರಿಲ್ 8ರಂದು, ಬೆಳಗಾವಿ ಜಿಲ್ಲೆಯ ಸುಳೇಭಾವಿಯಲ್ಲಿ. ಮನೆಯಲ್ಲಿಟ್ಟ ಹೆಸರು ಶಿವಪುತ್ರ, ತಂದೆ ಸಿದ್ಧರಾಮಯ್ಯ ಕೋಂಕಾಳಿಮಠ. ತಂದೆಯೂ ಹಾಡುತ್ತಿದ್ದರು, ಸವಾಯಿ ಗಂಧರ್ವರೆಂದರೆ ಅವರಿಗೆ ಪ್ರಾಣ. ಮಗನಿಗೆ ಯಾರೂ ಪಾಠ ಹೇಳಿರಲಿಲ್ಲ. ಆರೇಳು ವರ್ಷದ ಹುಡುಗ ಒಂದು ದಿನ ಇದ್ದಕ್ಕಿದ್ದಂತೆ ಸವಾಯಿ ಗಂಧರ್ವರ ಹಾಡನ್ನು ಅವರಂತೆಯೇ ಹಾಡಿ ಮನೆಯವರನ್ನು ಬೆರಗುಗೊಳಿಸಿದನೆಂದು ಹೇಳುತ್ತಾರೆ. ಗ್ರಾಮಫೋನಿನಲ್ಲಿ ಕೇಳಿದ ಅಬ್ದುಲ್ ಕರೀಂ ಖಾನ್, ಫೈಯಾಜ್ ಖಾನ್ ಎಲ್ಲರೂ ಆ ಪುಟ್ಟ ಗಂಟಲಿನಿಂದ ಹೊರಬಂದರು. ವೀರಶೈವ ಮಠದ ಸ್ವಾಮಿಗಳೊಬ್ಬರು ಹಾಡು ಕೇಳಿ ಕುಮಾರ ಗಂಧರ್ವ ಎಂದು ಕರೆದರು. ಬಿರುದೇ ಹೆಸರಾಯಿತು, ಶಿವಪುತ್ರ ಹಿಂದೆ ಸರಿದ.

ತಂದೆ ಮಗನನ್ನು ಊರೂರಿಗೆ ಕರೆದುಕೊಂಡು ಹೊರಟರು. ಆಡುವ ವಯಸ್ಸಿನಲ್ಲಿ ಹುಡುಗನಿಗೆ ಕಛೇರಿ, ಜನ, ಚಪ್ಪಾಳೆ. ಈಗಿನ ರಿಯಾಲಿಟಿ ಶೋ ಮಕ್ಕಳನ್ನು ನೋಡಿದರೆ ಅದು ಹೇಗಿದ್ದಿರಬಹುದೆಂದು ಊಹಿಸಬಹುದು. ಇದ್ದ ವ್ಯತ್ಯಾಸವೆಂದರೆ ಆಗ ಎಸ್‌ಎಂಎಸ್ ವೋಟು ಇರಲಿಲ್ಲ. 1930ರ ದಶಕದ ನಡುವೆ, ಹನ್ನೆರಡು ವರ್ಷವೂ ತುಂಬಿರದಾಗ, ಮುಂಬಯಿಯ ಜಿನ್ನಾ ಹಾಲ್‌ನಲ್ಲಿ ಸಂಗೀತ ಸಮ್ಮೇಳನ. ದೊಡ್ಡ ದೊಡ್ಡ ಉಸ್ತಾದರ, ಪಂಡಿತರ ನಡುವೆ ಚೋಟುದ್ದದ ಹುಡುಗ ಕೂತು ಹಾಡಿದ. ಸಭೆ ಹುಚ್ಚೆದ್ದಿತು. ನಕಲು ಮಾಡಿ ಇದಕ್ಕಿಂತ ದೊಡ್ಡ ಹೆಸರು ಪಡೆಯುವುದು ಯಾರಿಗೂ ಸಾಧ್ಯವಿರಲಿಲ್ಲ.

ನನಗೆ ಬಹಳ ಹಿಡಿಸಿದ್ದು ಆಮೇಲಿನ ಸಂಗತಿ. ಆ ಸಮ್ಮೇಳನವನ್ನು ನಡೆಸಿದವರು ಬಿ.ಆರ್. ದೇವಧರ್, ವಿಷ್ಣು ದಿಗಂಬರ ಪಲುಸ್ಕರರ ಶಿಷ್ಯರು, ಪಾಶ್ಚಾತ್ಯ ಸಂಗೀತವನ್ನೂ ಬಲ್ಲವರು. ದೇಶಕ್ಕೆಲ್ಲ ಗೊತ್ತಾದ ಈ ಹುಡುಗ ಅವರ ಸಂಗೀತ ಶಾಲೆಗೆ ಸೇರಿ ಮೊದಲಿಂದ ಕಲಿಯಲು ಕೂತ. ಬಾಯಲ್ಲಿ ಆಗಲೇ ಕುಳಿತಿದ್ದ ರಾಗದಲ್ಲಿ ಸ್ವರ ಏಕೆ ಹಾಗೆ ನಡೆಯುತ್ತದೆ ಎಂದು ತಿಳಿದುಕೊಳ್ಳುವುದೇ ಅಲ್ಲಿಯ ಪಾಠ. ಘರಾಣೆ ಎಂದರೆ ಹಾಡುವ ಮನೆತನದ ಪದ್ಧತಿ. ಆಗ ಒಂದು ಘರಾಣೆಯವರು ಇನ್ನೊಂದರ ಕಡೆ ತಲೆ ಹಾಕುತ್ತಿರಲಿಲ್ಲ. ದೇವಧರ್ ಮಾತ್ರ ಎಲ್ಲ ಕಡೆಯ ಬಂದಿಶ್‌ಗಳನ್ನೂ ಕೂಡಿಟ್ಟವರು. ಕುಮಾರರು ಸುಮಾರು ಹತ್ತು ವರ್ಷ ಅಲ್ಲೇ ಇದ್ದು, ಕಲಿತ ಶಾಲೆಯಲ್ಲೇ ಕಲಿಸುವವರೂ ಆದರು.

1947ರಲ್ಲಿ ಅದೇ ಶಾಲೆಯ ಭಾನುಮತಿಯವರೊಡನೆ ಮದುವೆ. ಇನ್ನೇನು ಎಲ್ಲ ಕೈಗೆ ಸಿಕ್ಕಿತು ಎನ್ನುವಾಗ ಕ್ಷಯ ಬಡಿಯಿತು. ಹಾಡಿದರೆ ಜೀವಕ್ಕೇ ಅಪಾಯ ಎಂದರು ಡಾಕ್ಟರು. ಒಣಹವೆ ಬೇಕೆಂದು 1948ರಲ್ಲಿ ಇಂದೋರ್ ಹತ್ತಿರದ ದೇವಾಸ್‌ಗೆ ಕರೆದೊಯ್ದರು. ಆಗ ಅವರಿಗೆ ಇಪ್ಪತ್ತನಾಲ್ಕರ ಆಸುಪಾಸು, ಹೆಚ್ಚು ಕಡಿಮೆ ನಮ್ಮದೇ ವಯಸ್ಸು. ಭಾನುಮತಿ ಶಾಲೆಯಲ್ಲಿ ಪಾಠ ಹೇಳಿ ಮನೆ ನಡೆಸಿದರು, ಗಂಡನ ಶುಶ್ರೂಷೆಯನ್ನೂ ಮಾಡಿದರು. ಕುಮಾರರ ಕಥೆ ಹೇಳುವವರು ಈ ಹೆಣ್ಣುಮಗಳನ್ನು ಒಂದು ಸಾಲಿನಲ್ಲಿ ದಾಟಿಬಿಡುತ್ತಾರೆ. ಆ ವರ್ಷಗಳು ಮುಖ್ಯವಾಗಿ ಅವರ ದುಡಿಮೆಯ ಮೇಲೇ ನಿಂತಿದ್ದವು ಎಂದು ನನಗನ್ನಿಸುತ್ತದೆ.

ಹಾಸಿಗೆಯಲ್ಲಿದ್ದವರಿಗೆ ಉಳಿದದ್ದು ಕಿವಿ ಮಾತ್ರ. ಹಕ್ಕಿ ಕೂಗು, ಗಾಳಿ, ಬೀದಿಯಲ್ಲಿ ಏಕತಾರಿ ಹಿಡಿದು ಹೋಗುವ ನಾಥ ಜೋಗಿಗಳ ಕಬೀರ, ಮಾಳವದ ಹೆಂಗಸರು ಮದುವೆಯಲ್ಲಿ, ಹಬ್ಬದಲ್ಲಿ ಹೇಳುವ ಹಾಡುಗಳು. ಮೂರು ನಾಲ್ಕು ಸ್ವರಗಳ ಹಾಡುಗಳವು. ಕೇಳುತ್ತಾ ಕೇಳುತ್ತಾ ಅವರಿಗೆ ಅದರೊಳಗೆ ರಾಗಗಳ ಬೇರು ಕಂಡಿತು. ರಾಗವೆನ್ನುವುದು ಜನರ ಬಾಯಲ್ಲಿದ್ದ ಧಾಟಿಯಿಂದ ಬೆಳೆದದ್ದು ಎಂಬ ತಿಳಿವಳಿಕೆ ಬಂದದ್ದು ಹೀಗೆ. ಆ ಹಾಡುಗಳನ್ನು ಸ್ವರ ಹಾಕಿ ಬರೆದಿಟ್ಟುಕೊಂಡರು. ಮುಂದೆ ಅವುಗಳಿಂದಲೇ ಹೊಸ ರಾಗಗಳನ್ನು ಕಟ್ಟಿದರು. ನಮ್ಮ ಸೊರಬ ಸೀಮೆಯಲ್ಲಿ ಗದ್ದೆ ನಾಟಿ ಮಾಡುವಾಗ ಹೆಂಗಸರು ಹೇಳುವ ಹಾಡನ್ನು ನಾನು ಎಷ್ಟು ಸಲ ಕೇಳಿಲ್ಲ! ಅದರಲ್ಲಿ ಕಲಿಯುವುದಿದೆ ಎಂದು ಒಮ್ಮೆಯೂ ಅನ್ನಿಸಿರಲಿಲ್ಲ.

ಸ್ಟ್ರೆಪ್ಟೋಮೈಸಿನ್ ಎಂಬ ಹೊಸ ಔಷಧ ಅಷ್ಟರಲ್ಲಿ ಭಾರತಕ್ಕೂ ಬಂದಿತ್ತು. ಅದರಿಂದ ಜೀವ ಉಳಿಯಿತು. ಒಂದು ಶ್ವಾಸಕೋಶ ಮಾತ್ರ ಹೋದ ಹಾಗೆಯೇ. 1953ರಲ್ಲಿ ಮತ್ತೆ ವೇದಿಕೆಗೆ ಬಂದರು. ಉದ್ದನೆಯ ತಾನುಗಳಿಗೆ ಉಸಿರು ಸಾಲದು. ಚಿಕ್ಕ ಚಿಕ್ಕ ತುಣುಕುಗಳಲ್ಲಿ, ನಡುವೆ ಮೌನ ಬಿಟ್ಟು, ದನಿಯನ್ನು ಒಮ್ಮೆಲೇ ಮೇಲಕ್ಕೆಸೆದು ಹಾಡಿದರು. ರೀಲು ಸಿಕ್ಕಿಕೊಂಡಿದೆ ಎಂದು ನಾನು ತಿಳಿದದ್ದು ಇದನ್ನೇ. ಅದು ಬರೀ ಕಾಯಿಲೆಯ ಫಲವಲ್ಲ, ಅವರ ಯೋಚನೆಯೇ ಹಾಗಿತ್ತು ಎನ್ನುವವರೂ ಇದ್ದಾರೆ. ಎರಡೂ ಇರಬಹುದು.

ಎಲ್ಲರೂ ಒಪ್ಪಲಿಲ್ಲ. ಘರಾಣೆಯ ಶಿಸ್ತಿಲ್ಲ, ಸಂಪ್ರದಾಯ ಮುರಿಯುತ್ತಾರೆ ಎಂಬ ಟೀಕೆ ಕೊನೆಯವರೆಗೂ ಇತ್ತು. ಹುಡುಗನಾಗಿ ಎಲ್ಲರ ದನಿಯಲ್ಲೂ ಹಾಡಿದಾಗ ಮೆಚ್ಚಿದ ಲೋಕ, ತನ್ನ ದನಿಯಲ್ಲಿ ಹಾಡಿದಾಗ ಜಗಳಕ್ಕೆ ನಿಂತಿತು. ಅವರು ಹಿಂದೆ ನೋಡಲಿಲ್ಲ. ಮಳೆಗಾಲದ ಹಾಡು, ವಸಂತದ ಹಾಡು ಎಂದು ಋತುವಿಗೊಂದು ಕಾರ್ಯಕ್ರಮ ಕಟ್ಟಿದರು. ಕಬೀರ, ಸೂರದಾಸ, ಮೀರಾ ಮೂವರನ್ನು ಸೇರಿಸಿ ತ್ರಿವೇಣಿ ಮಾಡಿದರು. 1965ರಲ್ಲಿ ತಮ್ಮ ಬಂದಿಶ್‌ಗಳನ್ನೂ ರಾಗಗಳನ್ನೂ ಅನೂಪರಾಗವಿಲಾಸ ಎಂಬ ಪುಸ್ತಕದಲ್ಲಿ ಕೊಟ್ಟರು. ಗಾಂಧಿ ಮಲ್ಹಾರ್ ಎಂಬ ರಾಗ ಅವರದೇ. 1961ರಲ್ಲಿ ಹೆರಿಗೆಯ ವೇಳೆ ಭಾನುಮತಿ ತೀರಿಕೊಂಡರು. ಮರುವರ್ಷ ಶಿಷ್ಯೆ ವಸುಂಧರಾ ಅವರ ಮನೆಗೂ ಹಾಡಿಗೂ ಜೊತೆಯಾದರು. ಮಗ ಮುಕುಲ್, ಮಗಳು ಕಲಾಪಿನಿ ಇಬ್ಬರೂ ಹಾಡುಗಾರರು.

ನಾನು ಮತ್ತೆ ಮತ್ತೆ ಯೋಚಿಸುವುದು ಅವರ ಇನ್ನೊಂದು ಕಾರ್ಯಕ್ರಮದ ಬಗ್ಗೆ. ಮರಾಠಿ ರಂಗಭೂಮಿಯ ದೊಡ್ಡ ನಟ, ಗಾಯಕ ಬಾಲಗಂಧರ್ವರ ಹಾಡುಗಳನ್ನು ಅವರು ವೇದಿಕೆಯಲ್ಲಿ ಹಾಡಿದರು. ಅದಕ್ಕಿಟ್ಟ ಮರಾಠಿ ಹೆಸರಿನ ಅರ್ಥ, ನನಗೆ ತಿಳಿದ ಬಾಲಗಂಧರ್ವ ಎಂದು. ಏಳನೇ ವಯಸ್ಸಿನಲ್ಲೇ ಯಾರ ದನಿಯನ್ನಾದರೂ ಅಚ್ಚೊತ್ತಿದಂತೆ ಹಾಡಿದವರಿಗೆ ಬಾಲಗಂಧರ್ವರ ನಕಲು ಕಷ್ಟವೇನಲ್ಲ. ಆದರೆ ಅವರು ನಕಲು ಮಾಡಲಿಲ್ಲ. ಅಷ್ಟು ಪ್ರೀತಿಸಿದವರ ಹಾಡನ್ನು ಹಾಡುವಾಗಲೂ ಕುಮಾರ ಗಂಧರ್ವರಾಗಿಯೇ ಹಾಡಿದರು.

1977ರಲ್ಲಿ ಪದ್ಮಭೂಷಣ, 1990ರಲ್ಲಿ ಪದ್ಮವಿಭೂಷಣ ಬಂದವು. 1992ರ ಜನವರಿ 12ರಂದು ದೇವಾಸ್‌ನಲ್ಲೇ ತೀರಿಕೊಂಡರು. ಬದುಕಲಾರರೆಂದು ಕರೆತಂದಿದ್ದ ಊರಿನಲ್ಲಿ ನಲವತ್ತು ವರ್ಷಕ್ಕೂ ಹೆಚ್ಚು ಬಾಳಿದ್ದರು.

ಮಾವ ಆ ಕ್ಯಾಸೆಟ್ಟನ್ನು ನನಗೇ ಕೊಟ್ಟಿದ್ದಾರೆ. ಹಾಕಿ ಕೇಳಲು ನಮ್ಮ ಮನೆಯಲ್ಲಿ ಟೇಪ್‌ರೆಕಾರ್ಡರ್ ಇಲ್ಲ, ಭಾನುವಾರದವರೆಗೆ ಕಾಯಬೇಕು. ಬರುವ ತಿಂಗಳು ಸೊರಬದಲ್ಲಿ ಅವರ ಮಗಳ ಮದುವೆ. ಆರತಕ್ಷತೆಗೆ ಒಂದು ಹಾಡು ಹೇಳೆಂದು ಅತ್ತೆ ಗಂಟುಬಿದ್ದಿದ್ದಾರೆ. ನಾನು ಇನ್ನೂ ಹೂಂ ಅಂದಿಲ್ಲ. ಶಿರಾಳಕೊಪ್ಪ ದಾಟಿ ಬಸ್ಸು ಖಾಲಿಯಾದ ಮೇಲೆ, ಕಿಟಕಿ ಪಕ್ಕ ಕೂತು, ಯಾರಿಗೂ ಕೇಳದ ಹಾಗೆ ಗುನುಗಿ ನೋಡುತ್ತಿದ್ದೇನೆ. ದನಿ ಈಗ ಸ್ವಲ್ಪ ದಪ್ಪವಾಗಿದೆ.