ಬಡಕೇರಿಯ ಬದುಕನ್ನು ಬೆಳ್ಳಿತೆರೆಗೆ ತಂದ ಸಲಾಹ್ ಅಬು ಸೈಫ್

ಈಜಿಪ್ಟಿನ ರಾಜಧಾನಿ ಕೈರೋದಲ್ಲಿ ನೈಲ್ ನದಿಯ ದಡದ ಮೇಲೆ ಬುಲಾಕ್ ಎಂಬ ಹಳೆಯ ಪೇಟೆಯಿದೆ. ಕೂಲಿಕಾರರು, ಕಮ್ಮಾರರು, ಸಣ್ಣ ಕಾರ್ಖಾನೆಗಳ ಕೆಲಸಗಾರರು ವಾಸಿಸುವ ಇಕ್ಕಟ್ಟಾದ ಓಣಿಗಳ ಪೇಟೆಯದು. ಅದರ ಎದುರಿಗೆ, ನದಿಯ ನಡುವಿನ ದ್ವೀಪದಲ್ಲಿ, ಜಮಾಲಿಕ್ ಎಂಬ ಸಿರಿವಂತರ ಬಡಾವಣೆ. ಎರಡರ ನಡುವೆ ಒಂದು ಸೇತುವೆಯಷ್ಟೇ ಅಂತರ. ಈ ಅಂತರವನ್ನೇ ತಮ್ಮ ಕಲೆಯ ವಸ್ತುವನ್ನಾಗಿ ಮಾಡಿಕೊಂಡ ಚಿತ್ರನಿರ್ದೇಶಕ ಸಲಾಹ್ ಅಬು ಸೈಫ್. ಅರಬ್ ಚಲನಚಿತ್ರರಂಗದಲ್ಲಿ ವಾಸ್ತವತೆಯ ಪಂಥಕ್ಕೆ ಗಟ್ಟಿಯಾದ ತಳಪಾಯ ಹಾಕಿದವರು ಇವರು ಎಂದರೆ ಅತಿಶಯೋಕ್ತಿಯಾಗಲಾರದು.

ಸಲಾಹ್ ಅಬು ಸೈಫ್ 1915ರ ಮೇ 10ರಂದು ಜನಿಸಿದರು. ಬೆಳೆದುದು ಇದೇ ಬುಲಾಕ್ ಪೇಟೆಯಲ್ಲಿ. ವಾಣಿಜ್ಯ ವಿಷಯದಲ್ಲಿ ಶಿಕ್ಷಣ ಮುಗಿಸಿ, ನೈಲ್ ನದಿಯ ಮುಖಜಭೂಮಿಯಲ್ಲಿರುವ ಮಹಲ್ಲಾ ಅಲ್ ಕುಬ್ರಾ ಪಟ್ಟಣದ ದೊಡ್ಡ ಬಟ್ಟೆ ಗಿರಣಿಯಲ್ಲಿ ನೌಕರಿಗೆ ಸೇರಿದರು. ಗಿರಣಿಯ ಸಹಸ್ರಾರು ಕಾರ್ಮಿಕರ ಬದುಕನ್ನು ಅವರು ಹತ್ತಿರದಿಂದ ಕಂಡದ್ದು ಅಲ್ಲಿ. ಸಿನೆಮಾದ ಹುಚ್ಚು ಆಗಲೇ ಹಿಡಿದಿತ್ತು. ಗಿರಣಿಯ ಬಗ್ಗೆ ಸಾಕ್ಷ್ಯಚಿತ್ರ ತೆಗೆಯಲೆಂದು ನಿಯಾಜಿ ಮುಸ್ತಫಾ ಎಂಬ ನಿರ್ದೇಶಕರು ಅಲ್ಲಿಗೆ ಬಂದಾಗ ಈ ತರುಣನ ಆಸಕ್ತಿಯನ್ನು ಗಮನಿಸಿದರು. ಗಿರಣಿಯೂ ಕೈರೋದ ಸ್ಟುಡಿಯೋ ಮಿಸ್ರ್ ಎಂಬ ಚಿತ್ರಸಂಸ್ಥೆಯೂ ಒಂದೇ ಬ್ಯಾಂಕಿನ ಆಶ್ರಯದಲ್ಲಿದ್ದುದರಿಂದ ವರ್ಗಾವಣೆ ಸುಲಭವಾಯಿತು. 1936ರಲ್ಲಿ ಅಬು ಸೈಫ್ ಸ್ಟುಡಿಯೋದ ಸಂಕಲನ ವಿಭಾಗಕ್ಕೆ ಬಂದರು. ಮುಂದೆ ಅದರ ಮುಖ್ಯಸ್ಥರೂ ಆದರು.

1939ರಲ್ಲಿ ಕಮಾಲ್ ಸಲೀಮ್ ನಿರ್ದೇಶಿಸಿದ 'ಅಲ್ ಅಜೀಮಾ' ಎಂಬ ಚಿತ್ರಕ್ಕೆ ಅವರು ಸಹಾಯಕರಾಗಿ ದುಡಿದರು. ಕ್ಷೌರಿಕನ ಮಗನೊಬ್ಬ ಪದವಿ ಪಡೆದು ಕೆಲಸಕ್ಕಾಗಿ ಅಲೆಯುವ ಕತೆಯದು. ಅರಮನೆ, ಹಾಡು, ನೃತ್ಯಗಳಲ್ಲೇ ಮುಳುಗಿದ್ದ ಈಜಿಪ್ಟಿನ ಸಿನೆಮಾ ಒಂದು ಸಾಮಾನ್ಯ ಓಣಿಯೊಳಕ್ಕೆ ಕಾಲಿಟ್ಟದ್ದು ಆ ಚಿತ್ರದಲ್ಲಿ. ಕಮಾಲ್ ಸಲೀಮ್ 1945ರಲ್ಲಿ ಎಳೆಯ ಪ್ರಾಯದಲ್ಲೇ ತೀರಿಕೊಂಡರು. ಅವರು ಅರ್ಧಕ್ಕೆ ಬಿಟ್ಟುಹೋದ ದಾರಿಯನ್ನು ಶಿಷ್ಯ ಮುಂದುವರಿಸಿದರೆಂದು ನಾವು ಹೇಳಬಹುದು. ಹೆಚ್ಚಿನ ಕಲಿಕೆಗಾಗಿ ಅಬು ಸೈಫ್ ಪ್ಯಾರಿಸ್ಸಿಗೆ ಹೋಗಿದ್ದರು. ಎರಡನೇ ಮಹಾಯುದ್ಧದ ಕಾರಣ ಬೇಗನೆ ಹಿಂದಿರುಗಬೇಕಾಯಿತು.

ಸ್ವತಂತ್ರವಾಗಿ ನಿರ್ದೇಶಿಸಿದ ಮೊದಲ ಚಿತ್ರ 1946ರಲ್ಲಿ ಬಂತು. ಅದು ಹಾಲಿವುಡ್ಡಿನ ಚಿತ್ರವೊಂದನ್ನು ಆಧರಿಸಿದ ಪ್ರೇಮಕತೆ. ಸ್ವಂತ ದಾರಿ ಕಂಡುಕೊಳ್ಳಲು ಇನ್ನೂ ಕೆಲವು ವರ್ಷ ಹಿಡಿಯಿತು. ಈ ಹೊತ್ತಿನಲ್ಲಿ ಎರಡು ಮುಖ್ಯ ಸಂಗತಿಗಳು ನಡೆದವು. ಒಂದು, ಸರಕಾರಿ ನೌಕರರಾಗಿದ್ದ ಕಾದಂಬರಿಕಾರ ನಗೀಬ್ ಮಹಫೂಜ್ ಅವರ ಗೆಳೆತನ. ಚಿತ್ರಕತೆ ಎಂದರೇನೆಂದು ತಿಳಿಯದಿದ್ದ ಮಹಫೂಜರಿಗೆ ಆ ವಿದ್ಯೆ ಕಲಿಸಿದವರು ಅಬು ಸೈಫ್. 1988ರಲ್ಲಿ ನೊಬೆಲ್ ಪ್ರಶಸ್ತಿ ಪಡೆದ ಮಹಫೂಜರು ಇವರೇ. ಇನ್ನೊಂದು, ಚಿತ್ರೀಕರಣಕ್ಕಾಗಿ ಅಬು ಸೈಫ್ ರೋಮಿಗೆ ಹೋದದ್ದು. ಯುದ್ಧದಿಂದ ಜರ್ಜರಿತವಾದ ಇಟಲಿಯಲ್ಲಿ ಬೀದಿಯ ಜನರನ್ನೇ ಪಾತ್ರಗಳನ್ನಾಗಿಸಿ ತೆಗೆಯುತ್ತಿದ್ದ ಹೊಸ ಬಗೆಯ ಚಿತ್ರಗಳು ಅವರ ಕಣ್ಣು ತೆರೆಸಿದವು.

ಊರಿಗೆ ಮರಳಿದ ಮೇಲೆ, 1951ರಲ್ಲಿ, ಫ್ರೆಂಚ್ ಲೇಖಕ ಜೋಲಾನ ಕಾದಂಬರಿಯೊಂದನ್ನು ಕೈರೋದ ಹಳೆಯ ಪೇಟೆಯ ಸ್ನಾನಗೃಹವೊಂದಕ್ಕೆ ಹೊಂದಿಸಿ ಚಿತ್ರ ಮಾಡಿದರು. 1952ರಲ್ಲಿ 'ಅಲ್ ಉಸ್ತಾ ಹಸನ್' ಬಂತು. ಬುಲಾಕಿನ ಕಾರ್ಖಾನೆಯ ಕೆಲಸಗಾರನೊಬ್ಬ ಜಮಾಲಿಕ್ಕಿನ ಶ್ರೀಮಂತ ಹೆಂಗಸಿನ ಮೋಹಕ್ಕೆ ಬಿದ್ದು ಹೆಂಡತಿ ಮಕ್ಕಳನ್ನು ಮರೆಯುವ ಕತೆ. ತಾವು ಬಾಲ್ಯದಿಂದ ಕಂಡ ಆ ಸೇತುವೆಯನ್ನು ಅವರು ಮೊದಲ ಬಾರಿಗೆ ತೆರೆಯ ಮೇಲೆ ದಾಟಿಸಿದ್ದು ಹೀಗೆ.

ಅದೇ ವರ್ಷದ ಜುಲೈಯಲ್ಲಿ ಸೈನ್ಯಾಧಿಕಾರಿಗಳ ಕ್ರಾಂತಿಯಾಗಿ ದೊರೆ ಫಾರೂಕನ ಆಳ್ವಿಕೆ ಕೊನೆಗೊಂಡಿತು. ನಾಸೆರರ ಕಾಲದಲ್ಲಿ ಹಳೆಯ ವ್ಯವಸ್ಥೆಯನ್ನು ಟೀಕಿಸುವುದು ಕಷ್ಟವಾಗಿರಲಿಲ್ಲ. ಆದರೆ ಕೆಟ್ಟ ದೊರೆ ಹೋದ, ಇನ್ನು ಎಲ್ಲವೂ ಸುಖ ಎಂದು ಮುಗಿಸಿಬಿಡುವ ಜಾಯಮಾನ ಅಬು ಸೈಫರದಲ್ಲ. 1957ರ 'ಅಲ್ ಫುತುವ್ವ' ಇದಕ್ಕೆ ಸಾಕ್ಷಿ. ದಕ್ಷಿಣದ ಹಳ್ಳಿಯಿಂದ ಹೊಟ್ಟೆಪಾಡಿಗಾಗಿ ಕೈರೋದ ತರಕಾರಿ ಮಾರುಕಟ್ಟೆಗೆ ಬಂದ ಹರೀದಿ ಎಂಬವನಿಗೆ ಮೊದಲು ಸಿಗುವುದು ಏಟು. ಮಾರುಕಟ್ಟೆಯ ಧಾರಣೆಯೆಲ್ಲ ಅಬು ಜೈದ್ ಎಂಬ ಸಗಟು ವ್ಯಾಪಾರಿಯ ಮುಷ್ಟಿಯಲ್ಲಿ. ಹರೀದಿ ಮೊದಲು ಅವನ ಆಳಾಗಿ, ಬಳಿಕ ಎದುರಾಳಿಯಾಗಿ ಬೆಳೆಯುತ್ತಾನೆ. ಬೆಳೆದಂತೆ ತಾನೂ ಅವನಂತೆಯೇ ಆಗುತ್ತಾನೆ. ಕೊನೆಗೆ ಇನ್ನೊಬ್ಬ ಹಳ್ಳಿಗ ಅದೇ ಮಾರುಕಟ್ಟೆಗೆ ಬರುತ್ತಾನೆ. ಅವನಿಗೂ ಅದೇ ಏಟು ಬೀಳುತ್ತದೆ. ಗದ್ದುಗೆಯಲ್ಲಿ ಕುಳಿತವನು ಬದಲಾದರೆ ಸಾಲದು, ಗದ್ದುಗೆಯೇ ಇರುವ ತನಕ ಏಟು ತಪ್ಪದು ಎಂಬುದು ಚಿತ್ರದ ತಾತ್ಪರ್ಯ. ಅಬು ಸೈಫರ ಚಿತ್ರಗಳಿಗೆಲ್ಲ ಇದೇ ಬೀಜಮಾತು ಎಂದು ನಾವು ಭಾವಿಸುತ್ತೇವೆ.

ಇಂತಹ ವಿಚಾರಗಳನ್ನು ಅವರು ಭಾಷಣ ಮಾಡಿ ಹೇಳುತ್ತಿರಲಿಲ್ಲ. ಕಣ್ಣಿಗೆ ಕಾಣುವಂತೆ ತೋರಿಸುತ್ತಿದ್ದರು. 1956ರ 'ಶಬಾಬ್ ಇಮ್ರಆ' ಚಿತ್ರದಲ್ಲಿ ಓದಲೆಂದು ಕೈರೋಗೆ ಬಂದ ಹಳ್ಳಿ ಹುಡುಗ ಗಾಣದ ಒಡತಿಯೊಬ್ಬಳ ಬಲೆಗೆ ಬೀಳುತ್ತಾನೆ. ಗಾಣಕ್ಕೆ ಕಟ್ಟಿದ ಮೂಕಪ್ರಾಣಿ ಸುತ್ತುವುದನ್ನು ನಿರ್ದೇಶಕರು ಮತ್ತೆ ಮತ್ತೆ ತೋರಿಸುತ್ತಾರೆ. ಹುಡುಗನ ಗತಿ ಏನೆಂದು ಬೇರೆ ಹೇಳಬೇಕಾಗಿಲ್ಲ. ಈ ಚಿತ್ರ ಆ ವರ್ಷದ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು.

1960ರಲ್ಲಿ ಮಹಫೂಜರ 'ಬಿದಾಯಾ ವ ನಿಹಾಯಾ' ಕಾದಂಬರಿಯನ್ನು ಚಿತ್ರಿಸಿದರು. ಮಹಫೂಜರ ಕಾದಂಬರಿಯೊಂದು ತೆರೆ ಕಂಡದ್ದು ಇದೇ ಮೊದಲು. ಯಜಮಾನನನ್ನು ಕಳೆದುಕೊಂಡ ಮಧ್ಯಮ ವರ್ಗದ ಸಂಸಾರ. ವಿಧವೆ ತಾಯಿ, ಮೂವರು ಗಂಡುಮಕ್ಕಳು, ಬಟ್ಟೆ ಹೊಲಿದು ಮನೆ ನಡೆಸುವ ಮಗಳು ನಫೀಸಾ. ಕಿರಿಯವನು ಸೈನ್ಯದ ಅಧಿಕಾರಿಯಾಗಿ ಮೇಲೇರಲು ಉಳಿದವರೆಲ್ಲ ತಮ್ಮನ್ನು ತೇದುಕೊಳ್ಳುತ್ತಾರೆ. ದಾರಿ ತಪ್ಪಿದ ಅಕ್ಕನ ಸಂಗತಿ ಹೊರಬಿದ್ದಾಗ ಮಾನಕ್ಕಂಜಿದ ತಮ್ಮ ಅವಳನ್ನು ನೈಲ್ ನದಿಗೆ ಹಾರಿಸುತ್ತಾನೆ. ಬಳಿಕ ತಾನೂ ಹಾರುತ್ತಾನೆ. ಬಡತನಕ್ಕಿಂತಲೂ ಬಡತನದ ನಾಚಿಕೆ ಮನುಷ್ಯನನ್ನು ಕೊಲ್ಲುತ್ತದೆಂಬುದನ್ನು ಇಷ್ಟು ನಿಷ್ಠುರವಾಗಿ ಹೇಳಿದ ಚಿತ್ರಗಳು ವಿರಳ. ತಮ್ಮನ ಪಾತ್ರದಲ್ಲಿ ಒಮರ್ ಶರೀಫ್, ಅಕ್ಕನಾಗಿ ಸನಾ ಜಮೀಲ್ ನಟಿಸಿದ್ದರು.

1966ರ 'ಕೈರೋ 30' ಚಿತ್ರಕ್ಕೂ ಮಹಫೂಜರ ಕಾದಂಬರಿಯೇ ಆಧಾರ. ಹಿರಿಯ ಅಧಿಕಾರಿಯೊಬ್ಬನ ಪ್ರೇಯಸಿಯನ್ನು ಹೆಸರಿಗೆ ಮದುವೆಯಾಗಲು ಒಪ್ಪಿ, ಅದಕ್ಕೆ ಪ್ರತಿಯಾಗಿ ಸರಕಾರಿ ಹುದ್ದೆ ಗಿಟ್ಟಿಸಿಕೊಳ್ಳುವ ಬಡ ಪದವೀಧರನ ಕತೆ ಅದು. ಮರುವರ್ಷದ 'ಅಜ್ಜೌಜಾ ಅತ್ತಾನಿಯಾ' ಹಳ್ಳಿಯ ಕತೆ. ಮಕ್ಕಳಿಲ್ಲದ ಊರ ಮುಖ್ಯಸ್ಥ, ನಮ್ಮ ಹಿಂದಿನ ಪಟೇಲರಂತಹವನು, ಬಡ ರೈತನಿಂದ ಬಲಾತ್ಕಾರವಾಗಿ ತಲಾಖ್ ಕೊಡಿಸಿ ಅವನ ಹೆಂಡತಿಯನ್ನು ತಾನು ಮದುವೆಯಾಗುತ್ತಾನೆ. ಆಕೆ ಅತ್ತು ಕೂರದೆ, ಬುದ್ಧಿಬಲದಿಂದಲೇ ಅವನನ್ನು ಸೋಲಿಸುತ್ತಾಳೆ.

ಅಬು ಸೈಫರು ನಿರ್ದೇಶಿಸಿದ ಚಿತ್ರಗಳು ಸುಮಾರು 40. ಎಲ್ಲವೂ ಒಂದೇ ತೂಕದವೆಂದು ನಾವು ಹೇಳುವುದಿಲ್ಲ. ಕೆಲವು ಬರಿಯ ಗಲ್ಲಾಪೆಟ್ಟಿಗೆಗಾಗಿ ಮಾಡಿದವು. 1981ರಲ್ಲಿ ಇರಾಕಿನಲ್ಲಿ ಅಲ್ಲಿನ ಸರಕಾರದ ಹಣದಿಂದ ತೆಗೆದ 'ಅಲ್ ಕಾದಿಸಿಯ್ಯಾ' ಹಿಂದಿನ ಕಾಲದ ಯುದ್ಧದ ಕತೆಯಾದರೂ, ಇರಾನಿನೊಡನೆ ಕಾಳಗ ನಡೆದಿದ್ದ ಹೊತ್ತಿನಲ್ಲಿ ಆಳುವವರ ಪ್ರಚಾರಕ್ಕೆ ಒದಗಿತು. ಆಳುವವರ ಗದ್ದುಗೆಯನ್ನು ಪ್ರಶ್ನಿಸುತ್ತ ಬಂದವರ ಕೈಯಿಂದ ಇಂತಹದು ಬಂತೆಂಬುದು ಖೇದದ ಸಂಗತಿ.

ಆದರೆ ಇಳಿವಯಸ್ಸಿನಲ್ಲಿ ಅವರು ಮತ್ತೆ ತಮ್ಮ ದಾರಿಗೆ ಮರಳಿದರು. 1991ರ 'ಅಲ್ ಮುವಾತಿನ್ ಮಸ್ರಿ' ಯೂಸುಫ್ ಅಲ್ ಕಯೀದರ ಕಾದಂಬರಿಯನ್ನು ಆಧರಿಸಿದ ಚಿತ್ರ. ನಾಸೆರರ ಕಾಲದಲ್ಲಿ ರೈತರಿಗೆ ಸಿಕ್ಕ ಜಮೀನನ್ನು ಊರ ಮುಖ್ಯಸ್ಥ ಕೋರ್ಟಿನ ಮೂಲಕ ಹಿಂದಕ್ಕೆ ಪಡೆಯುತ್ತಾನೆ. ತನ್ನ ಮಗನಿಗೆ ಸೈನ್ಯದ ಕರೆ ಬಂದಾಗ ಬಡ ಕಾವಲುಗಾರನ ಮಗನನ್ನು ಅವನ ಹೆಸರಿನಲ್ಲಿ ಕಳುಹಿಸುತ್ತಾನೆ. ಹುಡುಗ 1973ರ ಯುದ್ಧದಲ್ಲಿ ಮಡಿಯುತ್ತಾನೆ. ಕಾಗದಪತ್ರಗಳ ಪ್ರಕಾರ ಸತ್ತವನು ಮುಖ್ಯಸ್ಥನ ಮಗ. ಹೆತ್ತ ತಂದೆಗೆ ತನ್ನ ಮಗನ ಹೆಣವನ್ನು ತನ್ನದೆನ್ನುವ ಹಕ್ಕೂ ಇಲ್ಲ. ಹುಡುಗನ ಹೆಸರು ಮಸ್ರಿ. ಅರಬ್ಬಿಯಲ್ಲಿ ಈಜಿಪ್ಟಿನವನು ಎಂದು ಅದರ ಅರ್ಥ.

ಸಲಾಹ್ ಅಬು ಸೈಫ್ 1996ರ ಜೂನ್ ತಿಂಗಳಲ್ಲಿ ಕೈರೋದಲ್ಲಿ ನಿಧನರಾದರು. ಆಗ ಅವರಿಗೆ 81 ವರ್ಷ. ಅವರ ಚಿತ್ರಗಳಲ್ಲಿ ತರಕಾರಿ ಗಾಡಿ ಎಳೆಯುವವನು, ಬಟ್ಟೆ ಹೊಲಿಯುವವಳು, ರಾತ್ರಿ ಕಾವಲು ಕಾಯುವವನು ಇವರೇ ಮುಖ್ಯರು. ಊರ ದಫ್ತರಗಳಲ್ಲಿ ಇಂತಹವರ ಹೆಸರನ್ನು ಅಳಿಸುವುದು ಸುಲಭ. ಬುಲಾಕಿನ ಈ ಮಗ ಅವರ ಹೆಸರು, ಮುಖ, ಸಿಟ್ಟು, ಸಂಕಟಗಳನ್ನು ಅಳಿಸಲು ಬಾರದಂತೆ ಬರೆದಿಟ್ಟು ಹೋದರು.