ಶ್ರೀ ಅಣ್ಣಾ ಸಾಳುಂಕೆ: ಭಾರತೀಯ ಚಲನಚಿತ್ರರಂಗದ ಪ್ರಥಮ ನಾಯಕಿ ಪಾತ್ರಧಾರಿ

ಭಾರತದ ಪ್ರಥಮ ಪೂರ್ಣಾವಧಿ ಕಥಾಚಿತ್ರವೆಂದು ಮನ್ನಣೆ ಪಡೆದಿರುವ 'ರಾಜಾ ಹರಿಶ್ಚಂದ್ರ' ಮೂಕಿ ಚಿತ್ರದಲ್ಲಿ ರಾಣಿ ತಾರಾಮತಿಯ ಪಾತ್ರವನ್ನು ನಿರ್ವಹಿಸಿದವರು ಶ್ರೀ ಅಣ್ಣಾ ಸಾಳುಂಕೆಯವರು. ರಾಘವಾಂಕನ ಕಾವ್ಯದ ಮೂಲಕ ಕನ್ನಡಿಗರು ಚಂದ್ರಮತಿ ಎಂದು ಅರಿತಿರುವ ರಾಣಿಯೇ ಈ ತಾರಾಮತಿ.

ಚಿತ್ರರಂಗ ಪ್ರವೇಶ

ಚಿತ್ರದ ನಿರ್ಮಾಪಕರೂ ನಿರ್ದೇಶಕರೂ ಆದ ಶ್ರೀ ದಾದಾಸಾಹೇಬ್ ಫಾಲ್ಕೆಯವರು ಕಲಾವಿದರಿಗಾಗಿ ಪತ್ರಿಕೆಗಳಲ್ಲಿ ಜಾಹೀರಾತು ನೀಡಿದ್ದರು. ಮಹಿಳೆಯರು ಚಲನಚಿತ್ರಗಳಲ್ಲಿ ಅಭಿನಯಿಸುವುದು ಅಂದು ಅಗೌರವವೆಂದು ಪರಿಗಣಿಸಲ್ಪಟ್ಟಿದ್ದರಿಂದ ನಾಯಕಿಯ ಪಾತ್ರಕ್ಕೆ ಸೂಕ್ತ ಕಲಾವಿದೆ ದೊರೆಯಲಿಲ್ಲ. ಆಗ ಮುಂಬಯಿಯ ಗ್ರ್ಯಾಂಟ್ ರಸ್ತೆಯ ಉಪಾಹಾರ ಗೃಹವೊಂದರಲ್ಲಿ ಅಡುಗೆ ಕೆಲಸ ಮಾಡುತ್ತಿದ್ದ, ತೆಳು ಮೈಕಟ್ಟು ಹಾಗೂ ಕೋಮಲ ಕೈಗಳ ಯುವಕ ಸಾಳುಂಕೆಯವರು ಫಾಲ್ಕೆಯವರ ಗಮನಕ್ಕೆ ಬಂದರು. ಅಲ್ಲಿ ಅವರಿಗೆ ದೊರೆಯುತ್ತಿದ್ದ ಮಾಸಿಕ ವೇತನ 10 ರೂಪಾಯಿಗಳು. ಫಾಲ್ಕೆಯವರು 15 ರೂಪಾಯಿಗಳನ್ನು ನೀಡಲು ಮುಂದಾದರೆಂದು ಚಿತ್ರರಂಗದ ಇತಿಹಾಸಕಾರರು ತಿಳಿಸಿದ್ದಾರೆ.

ಸುಮಾರು 3,700 ಅಡಿ ಉದ್ದದ, 4 ರೀಲುಗಳ ಈ ಚಿತ್ರವು ದಿನಾಂಕ 3-5-1913ರಂದು ಮುಂಬಯಿಯ ಕೊರೋನೇಷನ್ ಚಿತ್ರಮಂದಿರದಲ್ಲಿ ಸಾರ್ವಜನಿಕ ಪ್ರದರ್ಶನ ಕಂಡಿತು. ಮಾತಿನ ನೆರವಿಲ್ಲದ ಕಾರಣ ರಾಣಿಯ ದುಃಖವನ್ನು ಮುಖಭಾವ ಮತ್ತು ಆಂಗಿಕ ಅಭಿನಯದಿಂದಲೇ ವ್ಯಕ್ತಪಡಿಸಬೇಕಾಗಿತ್ತು. ಹರಿಶ್ಚಂದ್ರನ ಪಾತ್ರವನ್ನು ಶ್ರೀ ದತ್ತಾತ್ರೇಯ ದಾಮೋದರ ದಾಬ್ಕೆಯವರು ವಹಿಸಿದ್ದರು.

ರಾಮ ಹಾಗೂ ಸೀತೆ

ಅದೇ 1913ರಲ್ಲಿ ಬಿಡುಗಡೆಯಾದ ಫಾಲ್ಕೆಯವರ 'ಮೋಹಿನಿ ಭಸ್ಮಾಸುರ' ಚಿತ್ರದಲ್ಲಿ ದುರ್ಗಾಬಾಯಿ ಕಾಮತ್ ಹಾಗೂ ಅವರ ಪುತ್ರಿ ಕಮಲಾಬಾಯಿಯವರು ಅಭಿನಯಿಸಿ, ಮಹಿಳೆಯರಿಗೆ ಚಿತ್ರರಂಗದ ಬಾಗಿಲು ತೆರೆದರು. ಆದರೂ ಪುರುಷರು ಸ್ತ್ರೀಪಾತ್ರ ವಹಿಸುವ ಪದ್ಧತಿ ಕೂಡಲೇ ನಿಲ್ಲಲಿಲ್ಲ. 1917ರ 'ಲಂಕಾ ದಹನ' ಚಿತ್ರದಲ್ಲಿ ಸಾಳುಂಕೆಯವರು ರಾಮ ಹಾಗೂ ಸೀತೆ ಎರಡೂ ಪಾತ್ರಗಳನ್ನು ನಿರ್ವಹಿಸಿದರು. ಭಾರತೀಯ ಚಲನಚಿತ್ರದಲ್ಲಿ ದ್ವಿಪಾತ್ರಾಭಿನಯಕ್ಕೆ ಇದನ್ನೇ ಮೊದಲ ನಿದರ್ಶನವೆಂದು ಪರಿಗಣಿಸಲಾಗಿದೆ. ತೆರೆಯ ಮೇಲೆ ರಾಮನು ಕಾಣಿಸಿಕೊಂಡಾಗ ಪ್ರೇಕ್ಷಕರು ಪಾದರಕ್ಷೆಗಳನ್ನು ಕಳಚಿಡುತ್ತಿದ್ದರೆಂದು ಹೇಳಲಾಗಿದೆ. ಕೆಲವೇ ವರ್ಷಗಳ ಹಿಂದೆ ಅಡುಗೆಮನೆಯಲ್ಲಿದ್ದ ವ್ಯಕ್ತಿಗೆ ಜನರು ಕೈಮುಗಿದ ಸಂದರ್ಭವಿದು.

ನಂತರದ ಸೇವೆ

1920ರ ದಶಕದಲ್ಲಿ ಮಹಿಳಾ ಕಲಾವಿದರ ಸಂಖ್ಯೆ ಕ್ರಮೇಣ ಹೆಚ್ಚಿತು. ಸಾಳುಂಕೆಯವರು ಛಾಯಾಗ್ರಹಣವನ್ನು ಕಲಿತು, ಕ್ಯಾಮರಾದ ಮುಂದಿನಿಂದ ಅದರ ಹಿಂದಕ್ಕೆ ಸರಿದು, ಮೂಕಿ ಯುಗದ ಹಲವು ಚಿತ್ರಗಳಿಗೆ ಛಾಯಾಗ್ರಾಹಕರಾಗಿ ದುಡಿದರು. 1931ರಲ್ಲಿ 'ಆಲಂ ಆರಾ' ಚಿತ್ರದೊಂದಿಗೆ ವಾಕ್ಚಿತ್ರಗಳ ಕಾಲ ಆರಂಭವಾಯಿತು.

ಫಾಲ್ಕೆಯವರ ಸ್ಮರಣಾರ್ಥ ಭಾರತ ಸರ್ಕಾರವು 1969ರಲ್ಲಿ ಅವರ ಹೆಸರಿನ ಪ್ರಶಸ್ತಿಯನ್ನು ಸ್ಥಾಪಿಸಿತು. ಅವರ ಪ್ರಥಮ ಚಿತ್ರದ ನಾಯಕಿ ಪಾತ್ರಧಾರಿಯ ಹೆಸರು ಮಾತ್ರ ಜನಸಾಮಾನ್ಯರಲ್ಲಿ ಅಷ್ಟಾಗಿ ಪ್ರಚಾರ ಪಡೆದಿಲ್ಲ. ಸ್ತ್ರೀಯರಿಗೆ ಅವಕಾಶವಿಲ್ಲದ ಕಾಲದಲ್ಲಿ ಆ ಕೊರತೆಯನ್ನು ತುಂಬಿ, ಅವರು ಬಂದ ಬಳಿಕ ಬೇರೊಂದು ಕಸುಬಿನಿಂದ ಅದೇ ರಂಗಕ್ಕೆ ಸೇವೆ ಸಲ್ಲಿಸಿದ ಶ್ರೀ ಸಾಳುಂಕೆಯವರು ಸ್ಮರಣಾರ್ಹರು.