ಬಣ್ಣವೇ ಭಾಷೆಯಾದ ಕಲಾವಿದ

ಮಾರ್ಕ್ ರಾಥ್ಕೊ 1903ರಲ್ಲಿ, ಅಂದು ರಷ್ಯಾ ಸಾಮ್ರಾಜ್ಯಕ್ಕೆ ಸೇರಿದ್ದ ಲಾಟ್ವಿಯಾದ ಡ್ವಿನ್ಸ್ಕ್ ನಗರದ ಯಹೂದಿ ಕುಟುಂಬವೊಂದರಲ್ಲಿ ಜನಿಸಿದರು. 1913ರಲ್ಲಿ ಅಮೆರಿಕದ ಪೋರ್ಟ್‌ಲೆಂಡಿಗೆ ಬಂದಾಗ ಬಾಲಕನಿಗೆ ಇಂಗ್ಲಿಷ್ ಬಾರದು. ಮರುವರ್ಷವೇ ತಂದೆ ತೀರಿಕೊಂಡರು. ಬಾಲಕ ಪತ್ರಿಕೆ ಮಾರಿದ; ಹೊಸ ಭಾಷೆ ಕಲಿತು ಯೇಲ್ ವಿಶ್ವವಿದ್ಯಾಲಯವನ್ನೂ ಸೇರಿದ.

ಪದವಿ ಮುಗಿಸದೆ ನ್ಯೂಯಾರ್ಕಿಗೆ ಹೋದ ರಾಥ್ಕೊ ಚಿತ್ರಕಾರರಾದರು. 1929ರಿಂದ 1952ರವರೆಗೆ ಮಕ್ಕಳಿಗೆ ಚಿತ್ರಕಲೆ ಕಲಿಸಿದರು. ಮುಂದೆ ಆಕೃತಿಗಳನ್ನೇ ಬಿಟ್ಟು, ದೊಡ್ಡ ಕ್ಯಾನ್ವಾಸುಗಳ ಮೇಲೆ ತೆಳುಬಣ್ಣಗಳನ್ನು ಪದರಪದರವಾಗಿ ಹಚ್ಚಿ ಹೆಸರಾದರು.

1958ರಲ್ಲಿ ನ್ಯೂಯಾರ್ಕಿನ ಶ್ರೀಮಂತ ಹೋಟೆಲೊಂದರ ಊಟದ ಕೋಣೆಗೆ ಚಿತ್ರ ಬರೆಯಲೊಪ್ಪಿದರು. ಅಲ್ಲೊಮ್ಮೆ ಉಂಡು ಬಂದ ಮೇಲೆ, ತಮ್ಮ ಚಿತ್ರಗಳಿಗೆ ಅದು ತಕ್ಕ ಸ್ಥಳವಲ್ಲವೆಂದು ಹಣವನ್ನೇ ಹಿಂತಿರುಗಿಸಿದರು. ಅವುಗಳಲ್ಲಿ ಒಂಬತ್ತನ್ನು ಲಂಡನ್ನಿನ ಟೇಟ್ ಕಲಾಶಾಲೆಗೆ ದಾನವಿತ್ತರು. 1970ರಲ್ಲಿ ನಿಧನರಾದರು.

ಮಕ್ಕಳೇ, ಪತ್ರಿಕೆ ಮಾರಿದ ಕೈಯೇ ಆ ಹಣವನ್ನು ಹಿಂತಿರುಗಿಸಿತು ಎಂಬುದನ್ನು ಮರೆಯದಿರಿ.